ಒಳಗೆ ಸಮವಾಗಿಲ್ಲ

ನಮ್ಮ ಲಾಂಡ್ರಿಯ ಇಸ್ತ್ರಿ ಕೋಣೆಗೆ ಹೊಸದಾಗಿ ಬಂದವರು ಮೊದಲ ದಿನ ಎರಡು ಮಾತು ಹೇಳುವುದು ಗ್ಯಾರಂಟಿ. ಒಂದು, "ಅಬ್ಬಬ್ಬಾ, ಏನು ಸೆಕೆ!" ಇನ್ನೊಂದು, ಸ್ವಲ್ಪ ದನಿ ತಗ್ಗಿಸಿ, "ಆಯಮ್ಮ ಯಾಕೆ ಸ್ವೆಟರ್ ಹಾಕ್ಕೊಂಡಿದಾರೆ?"

ಸೆಕೆಗೆ ಕಾರಣ ಎಲ್ಲರಿಗೂ ಗೊತ್ತಿತ್ತು. ಹಿಂದಿನ ಗೋಡೆಯಾಚೆ ಬಾಯ್ಲರ್. ಒಳಗೆ ಹಾಸಿಗೆ ಬಟ್ಟೆ ಒತ್ತುವ ದೊಡ್ಡ ರೋಲರ್, ಅದರ ಪಕ್ಕ ಸಾಲಾಗಿ ಆರು ಇಸ್ತ್ರಿ ಮೇಜು. ಒಂದು ಆಸ್ಪತ್ರೆಯ ಬಟ್ಟೆ, ಮೂರು ಹೋಟೆಲುಗಳ ಬಟ್ಟೆ ಎಲ್ಲ ನಮ್ಮಲ್ಲಿಗೇ ಬರುತ್ತಿದ್ದವು. ಬೆಳಗ್ಗೆ ಉಟ್ಟು ಬಂದ ಬಟ್ಟೆ ಮಧ್ಯಾಹ್ನಕ್ಕೆ ಮೈಗಂಟಿ, ಸಂಜೆ ಹೊತ್ತಿಗೆ ಉಪ್ಪಿನ ಗೆರೆ ಮೂಡಿ ಬಿಳಿಚಿಕೊಳ್ಳುತ್ತಿತ್ತು. ಇಂಥ ಕುಲುಮೆಯಲ್ಲಿ ಗೋಡೆ ಬದಿಯ ಮೇಜಿನ ಹಿಂದೆ ನಿಂತು, ಕತ್ತಿನವರೆಗೆ ಗುಂಡಿ ಹಾಕಿದ ನೀಲಿ ಸ್ವೆಟರಿನಲ್ಲಿ ಡಾಕ್ಟರುಗಳ ಬಿಳಿ ಕೋಟಿಗೆ ಇಸ್ತ್ರಿ ಹಾಕುವ ಹೆಂಗಸೆಂದರೆ ಕಂಡವರಿಗೆ ತಮಾಷೆಯಾಗದೆ ಏನಾದೀತು? ಸ್ವೆಟರಕ್ಕ ಎಂದು ಹೆಸರು ಬಿತ್ತು. ಅವಳ ನಿಜವಾದ ಹೆಸರು ಸಂಬಳದ ದಿನ ಮಾತ್ರ ಕೇಳಿಸುತ್ತಿತ್ತು.

ನಾನು ಪಕ್ಕದ ಮೇಜಿನವಳು. ಅವಳಿಗಿಂತ ಎಂಟು ವರ್ಷ ಚಿಕ್ಕವಳು. ನಾನು ಸೇರಿದಾಗ ಕೆಲಸ ಕಲಿಸಿದ್ದು ಅವಳೇ. ಆಗ ಅವಳಿಗೆ ಸ್ವೆಟರೂ ಇರಲಿಲ್ಲ, ಆ ಹೆಸರೂ ಇರಲಿಲ್ಲ. ಗಾಳಿಯಂಥ ಕೈ. ಕೋಟಿನ ಕಾಲರು, ತೋಳು, ಬೆನ್ನು ಎಂದು ನಾನು ಲೆಕ್ಕ ಹಾಕುವಷ್ಟರಲ್ಲಿ ಅವಳ ಕೋಟು ಹ್ಯಾಂಗರಿನಲ್ಲಿ ತೂಗುತ್ತಿರುತ್ತಿತ್ತು. ಬಾಯಿ ಕೂಡ ಹಾಗೆಯೇ. ರೋಲರಿನ ಗದ್ದಲದ ಮೇಲೆ ದನಿಯೆತ್ತಿ ಅವಳು ಒಂದು ಚಟಾಕಿ ಹಾರಿಸಿದರೆ ಕೊನೆಯ ಮೇಜಿನವರೆಗೂ ನಗು ಹಬ್ಬುತ್ತಿತ್ತು.

ಅದೆಲ್ಲ ಯಾವಾಗ ನಿಂತಿತು ಎಂದು ಕೇಳಿದರೆ ಯಾರಿಗೂ ಹೇಳಲು ಬರುವುದಿಲ್ಲ. ಒಂದು ದಿನಕ್ಕೆ ನಿಂತದ್ದಲ್ಲ. ಕೈ ನಿಧಾನವಾಯಿತು. ಮುಖ ಊದಿಕೊಂಡಿತು. ದನಿ ಈಗತಾನೇ ನಿದ್ದೆಯಿಂದ ಎದ್ದವಳ ಹಾಗೆ ದಪ್ಪಗಾಯಿತು. ಹುಬ್ಬಿನ ಹೊರತುದಿ ಯಾರೋ ಒರೆಸಿದಂತೆ ಮಾಯವಾಯಿತು. ಬಾಚಣಿಗೆಯಲ್ಲಿ ಬಂದ ಕೂದಲಿನ ಉಂಡೆ ತೋರಿಸಿ, "ನೋಡೇ, ಇದನ್ನ ಕೂಡಿಸಿಟ್ಟರೆ ಒಂದು ದಿಂಬಾಗುತ್ತೆ" ಎಂದು ನಕ್ಕಿದ್ದಳು. ನಾವೂ ನಕ್ಕಿದ್ದೆವು. ವಯಸ್ಸು ನಲವತ್ತಾಯಿತಲ್ಲ, ಎಲ್ಲರಿಗೂ ಆಗುವುದೇ ಎಂದುಕೊಂಡೆವು.

ಮನೆಯಲ್ಲಿ ಮಾತ್ರ ಯಾರೂ ನಗುತ್ತಿರಲಿಲ್ಲ. ಎರಡು ಕೋಣೆಯ ಮನೆ. ಗಂಡ ಮನೆಗಳಿಗೆ ಬಣ್ಣ ಬಳಿಯುವ ಪೇಂಟರ್, ಕಾಲೇಜಿಗೆ ಹೋಗುವ ಮಗಳು, ಮತ್ತೆ ಅತ್ತೆ. ಅತ್ತೆಯದು ಕತ್ತರಿ ನಾಲಿಗೆ. "ನಿದ್ದೆ ಒಂದೇ ಇವಳು ತವರಿಂದ ತಂದ ಬಳುವಳಿ" ಎಂದು ಬಂದವರೆದುರಿಗೆಲ್ಲ ಹೇಳುತ್ತಿದ್ದರು. ಇವಳು ಎರಡು ತುತ್ತು ಉಂಡು ಎದ್ದರೂ ಮೈ ಬರುತ್ತಲೇ ಇತ್ತು. "ನಮ್ಮ ಕಣ್ಣು ತಪ್ಪಿಸಿ ಎಲ್ಲಿ ತಿಂತಾಳೋ" ಎನ್ನುವುದು ಅದಕ್ಕೆ ಅತ್ತೆಯ ವಿವರಣೆ. ಗಂಡ ಕೆಟ್ಟವನಲ್ಲ, ಕೈಯೆತ್ತಿದವನಲ್ಲ. ಆದರೆ ಮಾತಾಡದ ಮನುಷ್ಯ. ತಾಯಿ ಹೀಗೆ ಅನ್ನುವಾಗ ತಟ್ಟೆ ನೋಡುತ್ತ ಕೂತಿರುತ್ತಿದ್ದ.

"ಎಲ್ಲಕ್ಕಿಂತ ಕಷ್ಟ ಏನು ಗೊತ್ತಾ?" ಎಂದು ಒಮ್ಮೆ ನನ್ನ ಹತ್ತಿರ ಹೇಳಿದಳು. "ಅವರು ಹೇಳೋದು ನನಗೂ ನಿಜ ಅನ್ಸತ್ತೆ. ಬೆಳಗ್ಗೆ ಏಳ್ಬೇಕು ಅಂತ ಕಣ್ಣು ಬಿಡ್ತೀನಿ. ಮೈಮೇಲೆ ಒದ್ದೆ ಕಂಬಳಿ ಹೊದಿಸಿ ಯಾರೋ ಕೂತಿದಾರೆ ಅನ್ಸತ್ತೆ. ನೂಕೋಕಾಗಲ್ಲ. ನಾನೇ ಸೋಮಾರಿ ಆಗ್ಬಿಟ್ಟೆನೋ ಏನೋ."

ಒಂದು ಮಧ್ಯಾಹ್ನ ಸುಟ್ಟ ವಾಸನೆ ಬಂತು. ತಿರುಗಿ ನೋಡಿದರೆ ಅವಳು ನಿಂತಲ್ಲೇ ಕಣ್ಣು ಮುಚ್ಚಿದ್ದಳು, ಇಸ್ತ್ರಿಪೆಟ್ಟಿಗೆ ಕೋಟಿನ ಬೆನ್ನ ಮೇಲೆ ಕೂತಿತ್ತು. ನಾನು ಹಾರಿಹೋಗಿ ಎತ್ತಿಟ್ಟೆ. ಬಟ್ಟೆ ಮೇಲೆ ಕಂದು ಬಣ್ಣದ ಗುರುತು ಅಚ್ಚೊತ್ತಿದ ಹಾಗೆ ಮೂಡಿತ್ತು. ಅವಳು ಕಣ್ಣು ಬಿಟ್ಟು ಮೊದಲು ಗುರುತು ನೋಡಿದಳು, ಆಮೇಲೆ ನನ್ನ ಮುಖ ನೋಡಿದಳು.

ಮ್ಯಾನೇಜರು ಬೈಯಲಿಲ್ಲ. ಬೈದಿದ್ದರೇ ಚೆನ್ನಾಗಿತ್ತು. "ಬೆಂಕಿ ಹತ್ತಿದ್ರೆ ಏನಮ್ಮ ಗತಿ? ಡಾಕ್ಟರ ಹತ್ರ ತೋರಿಸ್ಕೊಂಡು ಬನ್ನಿ. ಏನು ಅಂತ ತಿಳಿಯೋವರೆಗೂ ಇಸ್ತ್ರಿ ಮುಟ್ಟಬೇಡಿ" ಎಂದರು.

ಹೊರಗೆ ಬಂದು ಮೆಟ್ಟಿಲ ಮೇಲೆ ಕೂತು ಅವಳು, "ಕಾಯಿಲೆ ಇದೆ ಅಂದ್ರೆ ಕೆಲಸಕ್ಕೆ ಆಗಲ್ಲ ಅಂತಾರೆ. ಇಲ್ಲ ಅಂದ್ರೆ ಸೋಮಾರಿ ಅಂತಾರೆ. ಯಾವುದು ಬರಲಿ ಅಂತ ಬೇಡ್ಕೊಳ್ಳಲೇ?" ಎಂದಳು.

ಗಂಡ ಆಗ ಹೊರ ಊರಿನಲ್ಲಿ ಒಂದು ಶಾಲೆಗೆ ಬಣ್ಣ ಹೊಡೆಯುವ ಕೆಲಸದಲ್ಲಿದ್ದ. ಹಾಗಾಗಿ ಜೊತೆಗೆ ನಾನೇ ಹೋದೆ. ಡಾಕ್ಟರು ಒಬ್ಬ ನಡುವಯಸ್ಸಿನ ಹೆಂಗಸು. ಸ್ವೆಟರಕ್ಕನ ಕೈಗೆ ಒಂದು ಲೋಟ ನೀರು ಕೊಟ್ಟು, ತಾವು ಹಿಂದೆ ನಿಂತು, ಕತ್ತಿನ ಎರಡೂ ಬದಿಗೆ ಬೆರಳಿಟ್ಟು, "ಒಂದು ಗುಟುಕು ನುಂಗಿ" ಎಂದರು. ಮತ್ತೊಂದು ಗುಟುಕು. "ಇಲ್ಲಿ ದಪ್ಪ ಇದೆಯಲ್ಲಮ್ಮ, ಎಷ್ಟು ದಿನ ಆಯ್ತು?"

"ದಪ್ಪ ಇದೆಯಾ?" ಎಂದು ಅವಳು ಗಾಬರಿಯಿಂದ ತಾನೇ ಮುಟ್ಟಿ ನೋಡಿಕೊಂಡಳು. ಮೈಯೆಲ್ಲ ಊದಿಕೊಂಡವಳಿಗೆ ಕತ್ತು ಊದಿದ್ದು ಎಲ್ಲಿ ಗೊತ್ತಾಗಬೇಕು?

ರಕ್ತ ಪರೀಕ್ಷೆ, ಕತ್ತಿನ ಸ್ಕ್ಯಾನು ಬರೆದುಕೊಟ್ಟರು. ತಾವು ಒಂದು ವಾರ ಊರಲ್ಲಿರುವುದಿಲ್ಲ, ಬಂದ ಮೇಲೆ ಎರಡೂ ನೋಡಿ ಹೇಳುತ್ತೇನೆ ಎಂದರು.

ಸ್ಕ್ಯಾನ್ ಕೋಣೆ ಕತ್ತಲು, ತಣ್ಣಗೆ. ಭುಜದ ಕೆಳಗೆ ದಿಂಬಿಟ್ಟು ಅವಳ ತಲೆಯನ್ನು ಹಿಂದಕ್ಕೆ ಇಳಿಬಿಟ್ಟರು. ಸ್ವೆಟರ್ ಬಿಚ್ಚಿಸಿ ಕತ್ತಿಗೆ ತಣ್ಣನೆಯ ಜೆಲ್ ಸವರಿದಾಗ ಅವಳ ಕಾಲ್ಬೆರಳು ಮುದುಡಿದ್ದನ್ನು ಬಾಗಿಲ ಬಳಿ ನಿಂತು ಕಂಡೆ. "ನುಂಗಬೇಡಿ. ಮಾತಾಡಬೇಡಿ. ಅಲ್ಲಾಡಬೇಡಿ" ಎಂದರು ಸ್ಕ್ಯಾನ್ ಡಾಕ್ಟರು. ನುಂಗಬೇಡಿ ಎಂದ ಕೂಡಲೇ ಬಾಯಲ್ಲಿ ಜೊಲ್ಲು ತುಂಬುವುದು ಲೋಕಾರೂಢಿ. ಡಾಕ್ಟರು ಕೈಯ ಉಪಕರಣವನ್ನು ಒತ್ತಿ ಒತ್ತಿ ಸರಿಸುತ್ತ, ಪಕ್ಕದಲ್ಲಿ ಟೈಪ್ ಮಾಡುವ ಹುಡುಗಿಗೆ ಇಂಗ್ಲಿಷಿನಲ್ಲಿ ಏನೇನೋ ಹೇಳುತ್ತಿದ್ದರು. ಒಂದು ಉದ್ದನೆಯ ಮಾತು ಮೂರು ಸಲ ಬಂತು. ಹೆಟರೊಜೀನಿಯಸ್.

ಜೆಲ್ ಒರೆಸಿಕೊಳ್ಳುತ್ತ ಸ್ವೆಟರಕ್ಕ ಕೇಳಿದಳು: "ಏನಿದೆ ಸಾರ್?"

"ಒಳಗೆ ಸಮವಾಗಿಲ್ಲ. ನಿಮ್ಮ ಡಾಕ್ಟರ್ ಹೇಳ್ತಾರೆ" ಎಂದು ಅವರು ಮುಂದಿನವರ ಹೆಸರು ಕೂಗಿಸಿದರು.

ನಿಜಕ್ಕೂ ಅವಳು ಸಿಕ್ಕಿಹಾಕಿಕೊಂಡದ್ದು ಆ ಒಂದು ಮಾತಿನಲ್ಲಿ. ಏನೂ ಇಲ್ಲ ಎಂದಿದ್ದರೆ ಮನೆಗೆ ಹೋಗಿ ಬೈಸಿಕೊಳ್ಳುತ್ತಿದ್ದಳು. ಇಂಥದ್ದು ಇದೆ ಎಂದಿದ್ದರೆ ಅತ್ತು ಹಗುರಾಗುತ್ತಿದ್ದಳು. ಸಮವಾಗಿಲ್ಲ ಎಂದರೆ ಏನು ತಿಳಿಯಬೇಕು? ನುಂಗಲೂ ಆಗದ ಉಗುಳಲೂ ಆಗದ ಬಿಸಿತುಪ್ಪ ಅವಳ ಕತ್ತಿನಲ್ಲೇ ನಿಂತಿತು.

ಸಂಜೆ ಮಗಳು ವರದಿ ಬಿಚ್ಚಿ ಓದಿದಳಂತೆ. ಕೆಲವು ಪದ ಅವಳಿಗೂ ಹೊಸತು. ಫೋನಿನಲ್ಲಿ ಹುಡುಕಿದಳು. ಥೈರಾಯ್ಡ್ ಗ್ರಂಥಿಯ ಹೂರಣ ಒಂದೇ ಸಮ ಇಲ್ಲ, ದೊಡ್ಡದಾಗಿದೆ, ರಕ್ತದ ಓಡಾಟ ಹೆಚ್ಚಾಗಿದೆ, ಬಲಗಡೆ ನಾಲ್ಕು ಮಿಲಿಮೀಟರಿನ ಒಂದು ಗಂಟಿದೆ. ಗಂಟು ಎಂದು ಹುಡುಕಿದರೆ ಫೋನು ಇನ್ನೇನು ತೋರಿಸೀತು? ನಾಲ್ಕನೆಯ ಸಾಲಿಗೇ ಕ್ಯಾನ್ಸರ್ ಬಂತು. ಹುಡುಗಿ ಅದನ್ನು ಗಟ್ಟಿಯಾಗಿ ಓದಿಬಿಟ್ಟಳು.

ಒಳಕೋಣೆಯಲ್ಲಿ ಬಟ್ಟೆ ಮಡಚುತ್ತಿದ್ದ ಅತ್ತೆ ಹೊಸ್ತಿಲಿಗೆ ಬಂದು ನಿಂತರು. ಬೈಯಲಿಲ್ಲ. ಗೋಡೆ ಹಿಡಿದು ಕೆಳಗೆ ಕೂತರು. "ನಮ್ಮಕ್ಕನಿಗೂ ಇಲ್ಲೇ" ಎಂದು ತಮ್ಮ ಕತ್ತು ಮುಟ್ಟಿದರು. "ಮೊದಲು ಇಷ್ಟೇ ಇತ್ತು. ಆಮೇಲೆ ನೀರೂ ಇಳೀತಿರಲಿಲ್ಲ." ಆ ಅಕ್ಕನ ಮಾತನ್ನು ಅತ್ತೆ ಬಾಯಲ್ಲಿ ಸೊಸೆ ಕೇಳಿದ್ದು ಅದೇ ಮೊದಲು.

ಅವತ್ತಿನಿಂದ ಮನೆಯ ಗಾಳಿಯೇ ತಿರುಗಿತು. ಗಂಡ ಕೆಲಸ ಅರ್ಧಕ್ಕೆ ಬಿಟ್ಟು ಓಡಿಬಂದ. ಒಳಕೋಣೆಯ ಮಂಚ ಸೊಸೆಗಾಯಿತು. ಏಳಬೇಡ, ನೀರು ಮುಟ್ಟಬೇಡ, ಜೋರಾಗಿ ಮಾತಾಡಬೇಡ. ಅತ್ತೆ ತಮ್ಮ ಶಾಲನ್ನೇ ಅವಳ ಕತ್ತಿಗೆ ಸುತ್ತಿದರು. ಎಲೆಕೋಸು ತಿನ್ನಬಾರದು ಎಂದು ಎದುರುಮನೆಯವಳು, ಉಪ್ಪು ಬಿಡಿಸಿ ಎಂದು ಕೆಳಗಿನ ಮನೆಯವಳು, ಉಪ್ಪು ಜಾಸ್ತಿ ಕೊಡಿ ಎಂದು ಮೇಲಿನ ಮನೆಯವಳು. ತಲೆಗೊಂದು ಮಾತು. ಎಲ್ಲ ಕಡೆಯಿಂದಲೂ ಉಪದೇಶ ಬಂತು, ಊಟಕ್ಕೆ ಮಾತ್ರ ರುಚಿ ಹೋಯಿತು.

ಮೂರು ದಿನ ಬಿಟ್ಟು ನೋಡಲು ಹೋದೆ. ಹಗಲು ಹೊತ್ತಿನಲ್ಲೇ ಕಿಟಕಿ ಮುಚ್ಚಿತ್ತು. ಗಾಳಿ ತಾಕಬಾರದಂತೆ. ಎರಡು ಕಂಬಳಿಯ ಕೆಳಗೆ ಸ್ವೆಟರಕ್ಕ ಮಲಗಿದ್ದಳು. ಅತ್ತೆ ಬಾಗಿಲಲ್ಲೇ ಕುರ್ಚಿ ಹಾಕಿಕೊಂಡು ಕೂತಿದ್ದರು. "ಹೆಚ್ಚು ಮಾತಾಡಿಸ್ಬೇಡಮ್ಮ, ಗಂಟಲು ನೋಯತ್ತೆ" ಎಂದು ನನಗೂ ಎಚ್ಚರಿಕೆ ಕೊಟ್ಟರು.

ಅವರು ನೀರು ತರಲು ಎದ್ದು ಹೋದದ್ದೇ ತಡ, ಅವಳು ನನ್ನ ಮಣಿಕಟ್ಟು ಹಿಡಿದಳು. ಕೈ ಐಸಿನ ಹಾಗಿತ್ತು. "ನನ್ನ ಹೊರಗೆ ಕರ್ಕೊಂಡು ಹೋಗೇ. ಅಂಗಡಿಗೆ ಅನ್ನು, ಲಾಂಡ್ರಿಗೆ ಅನ್ನು, ಏನಾದ್ರೂ ಅನ್ನು. ಇಷ್ಟು ವರ್ಷ ಮಲಗ್ತೀಯಾ ಮಲಗ್ತೀಯಾ ಅಂತ ಬೈದ್ರು. ಈಗ ಏಳ್ತೀಯಾ ಅಂತ ಬೈತಾರೆ. ಅತ್ತೆ ಬಂದು ಬಂದು ಮೂಗಿನ ಹತ್ರ ಕೈ ಇಟ್ಟು ನೋಡ್ತಾರೆ ಕಣೇ, ಉಸಿರಾಡ್ತಿದೀನಾ ಅಂತ."

"ಪ್ರೀತಿಯಿಂದ ಅಲ್ವಾ ಅಕ್ಕ?"

"ಪ್ರೀತಿಯೇ. ಅದಕ್ಕೇ ಬೇಡ ಅನ್ನೋಕೂ ಆಗ್ತಿಲ್ಲ." ಕತ್ತಿನ ಶಾಲು ಸಡಿಲ ಮಾಡಿಕೊಂಡಳು. "ಅವರು ಕಣ್ಣೀರು ಹಾಕೋದು ಅವರಕ್ಕನಿಗೆ. ಅದಕ್ಕೆ ನಾನು ಇಲ್ಲಿ ಮಲಗಿರ್ಬೇಕು."

ನಾನು ಹೊರಗೆ ಕರೆದೊಯ್ಯುವ ಮಾತೆತ್ತಿದೆ. ಗಂಡ ಬೇಡವೆನ್ನಲಿಲ್ಲ, ಸುಮ್ಮನೆ ಒಳಕೋಣೆಯ ಬಾಗಿಲ ಚಿಲಕ ಹಾಕಿ, "ಡಾಕ್ಟರ್ ಬರ್ಲಿ, ಕೇಳೋಣ" ಎಂದ. ನಾನು ಒಬ್ಬಳೇ ಮೆಟ್ಟಿಲಿಳಿದೆ.

ಡಾಕ್ಟರು ಬಂದ ದಿನ ನನ್ನನ್ನೂ ಬಾ ಎಂದು ಹೇಳಿಕಳಿಸಿದ್ದಳು. ಆ ಸಣ್ಣ ಕೋಣೆಯಲ್ಲಿ ಅವಳು, ಗಂಡ, ಮಗಳು, ನಾನು. ಡಾಕ್ಟರು ಎರಡೂ ವರದಿ ನೋಡಿ, ಸ್ಕ್ಯಾನಿನ ಚಿತ್ರವನ್ನು ಬೆಳಕಿಗೆ ಹಿಡಿದು, ಆಮೇಲೆ ನಮ್ಮ ಮುಖಗಳನ್ನು ಒಂದೊಂದಾಗಿ ನೋಡಿದರು. "ಯಾರು ಸತ್ತರು ಅಂತ ಹೀಗೆ ಬಂದಿದೀರಿ?"

"ಕ್ಯಾನ್ಸರ್..." ಎಂದ ಗಂಡ.

"ಹಾಗಂತ ಇದರಲ್ಲಿ ಎಲ್ಲಿ ಬರೆದಿದೆ?"

ಮಗಳು ಕೈಯಲ್ಲಿದ್ದ ಫೋನನ್ನು ಮೆಲ್ಲಗೆ ಬ್ಯಾಗಿಗೆ ಹಾಕಿಕೊಂಡಳು.

ಡಾಕ್ಟರು ಕುರ್ಚಿ ಮುಂದಕ್ಕೆಳೆದು ನಿಧಾನವಾಗಿ ಹೇಳತೊಡಗಿದರು. "ಈ ಮೆಷಿನ್ನು ನಮಗೆ ಕೇಳಿಸದಂಥ ಶಬ್ದವನ್ನ ಒಳಗೆ ಕಳಿಸುತ್ತೆ. ಅದು ಬಡಿದು ವಾಪಸ್ ಬರುತ್ತಲ್ಲ, ಅದನ್ನ ಚಿತ್ರ ಮಾಡುತ್ತೆ. ಚೆನ್ನಾಗಿರೋ ಥೈರಾಯ್ಡ್ ಆದ್ರೆ ಎಲ್ಲ ಕಡೆಯಿಂದಲೂ ಒಂದೇ ಥರ ವಾಪಸ್ ಬರುತ್ತೆ, ಚಿತ್ರದಲ್ಲಿ ಒಂದೇ ಬೂದು ಬಣ್ಣ ಕಾಣುತ್ತೆ. ಇವರದು ನೋಡಿ. ಇಲ್ಲಿ ಕಪ್ಪು, ಇಲ್ಲಿ ಬಿಳಿ ಗೆರೆ, ಇಲ್ಲಿ ಮತ್ತೆ ಕಪ್ಪು. ತೇಪೆ ತೇಪೆ. ಸಮವಾಗಿಲ್ಲ ಅಂದ್ರೆ ಇಷ್ಟೇ. ಅದು ಕಾಯಿಲೆಯ ಹೆಸರಲ್ಲ, ಚಿತ್ರ ಹೇಗೆ ಕಾಣುತ್ತೆ ಅನ್ನೋ ಮಾತು."

ಗಂಡ ಬಗ್ಗಿ ಚಿತ್ರ ನೋಡಿದ. ಅವನು ತಾನಾಗಿ ಬಾಯಿ ಬಿಟ್ಟದ್ದು ಆಗ. "ತೇವ ಕೂತ ಗೋಡೆ ಥರ ಇದೆ."

"ನೀವೇನು ಕೆಲಸ ಮಾಡೋದು?"

"ಪೇಂಟರ್."

"ಹಾಗಾದ್ರೆ ನೀವೇ ಹೇಳಿ. ಗೋಡೆ ಮೇಲೆ ತೇವದ ಕಲೆ ಕಂಡ್ರೆ ಮನೆ ಬಿದ್ದೋಗುತ್ತೆ ಅಂತ ಓಡಿಹೋಗ್ತೀರಾ?"

"ಇಲ್ಲ. ನೀರು ಎಲ್ಲಿಂದ ಬರ್ತಿದೆ ಅಂತ ನೋಡ್ತೀವಿ."

"ಅದಕ್ಕೇ ರಕ್ತ ಪರೀಕ್ಷೆ. ಗ್ರಂಥಿ ಹೇಗೆ ಕಾಣುತ್ತೆ ಅಂತ ಸ್ಕ್ಯಾನ್ ಹೇಳುತ್ತೆ, ಹೇಗೆ ಕೆಲಸ ಮಾಡ್ತಿದೆ ಅಂತ ರಕ್ತ ಹೇಳುತ್ತೆ. ಎರಡನ್ನೂ ಪಕ್ಕಪಕ್ಕ ಇಟ್ಟೇ ನೋಡ್ಬೇಕು." ಅವರು ಸ್ವೆಟರಕ್ಕನ ಕಡೆ ತಿರುಗಿದರು. "ನಿಮ್ಮ ಮೈಯನ್ನ ಕಾಯೋಕೆ ಇರೋ ಕಾವಲಿನವರೇ ಈ ಗ್ರಂಥಿಯನ್ನ ಕಳ್ಳ ಅಂತ ತಿಳ್ಕೊಂಡು ಹೊಡೀತಿದಾರೆ. ಹೊಡೆತ ಬಿದ್ದ ಕಡೆ ಉರಿಯೂತ, ಮಾಯ್ದ ಕಡೆ ಗಾಯದ ಗುರುತು. ಅದಕ್ಕೇ ಒಳಗೆ ಏರುಪೇರು, ಅದಕ್ಕೇ ದಪ್ಪ. ಗ್ರಂಥಿ ಸೋತಿದೆ. ತಲೆಯಿಂದ ಒಂದು ಹಾರ್ಮೋನು ಬರುತ್ತೆ, ಗ್ರಂಥಿಗೆ ಕೆಲಸ ಮಾಡು ಮಾಡು ಅಂತ ಕೂಗೋಕೆ. ನಿಮ್ಮಲ್ಲಿ ಅದು ಇರಬೇಕಾದ್ದಕ್ಕಿಂತ ಎಷ್ಟೋ ಪಟ್ಟು ಜಾಸ್ತಿ ಆಗಿದೆ. ಅಂದ್ರೆ ಕೂಗಿ ಕೂಗಿ ಗಂಟಲು ಹರ್ಕೊಳ್ತಿದೆ. ಗ್ರಂಥಿಗೆ ಕೈಲಾಗ್ತಿಲ್ಲ, ಅಷ್ಟೇ."

ಕೈಲಾಗ್ತಿಲ್ಲ ಅಷ್ಟೇ ಎಂಬ ಮಾತಿಗೆ ಸ್ವೆಟರಕ್ಕ ತಲೆಯೆತ್ತಿದಳು.

"ಆ ಗಂಟು?" ಎಂದಳು ಮಗಳು.

"ಕತ್ತು ಸ್ಕ್ಯಾನ್ ಮಾಡಿಸಿದ ಎಷ್ಟೋ ಜನರಲ್ಲಿ ಇಂಥ ಚಿಕ್ಕ ಗಂಟು ಸಿಗುತ್ತೆ. ಇದರ ಅಂಚು ನುಣುಪಾಗಿದೆ, ಒಳಗೆ ಅನುಮಾನ ಪಡೋ ಚುಕ್ಕೆ ಇಲ್ಲ. ಈಗ ಸೂಜಿ ಹಾಕಿ ತೆಗೆದು ನೋಡೋ ಅಗತ್ಯ ಇಲ್ಲ. ಮುಂದಿನ ವರ್ಷ ಮತ್ತೆ ಸ್ಕ್ಯಾನ್ ಮಾಡಿ ಬೆಳೆದಿದೆಯಾ ನೋಡೋಣ. ಅಷ್ಟರೊಳಗೆ ನುಂಗೋಕೆ ಕಷ್ಟ ಆದ್ರೆ, ದನಿ ಇನ್ನಷ್ಟು ಬದಲಾದ್ರೆ ಬೇಗ ಬನ್ನಿ. ಗಂಟನ್ನ ಕಾಯ್ತಾ ಕೂರಬೇಡಿ, ಅದರ ಪಾಡಿಗೆ ಬಿಡಿ."

ಮಾತ್ರೆ ಬರೆದರು. ದಿನಾ ಬೆಳಗ್ಗೆ ಖಾಲಿ ಹೊಟ್ಟೆಗೆ ಒಂದು. ಎಷ್ಟು ದಿನ ಎಂದು ಗಂಡ ಕೇಳಿದ. ಇಂಥ ಗ್ರಂಥಿ ಮತ್ತೆ ಪೂರ್ತಿ ಮೊದಲಿನ ಹಾಗಾಗುವುದು ಅಪರೂಪ, ಬದುಕಿರುವವರೆಗೂ ಎಂದುಕೊಳ್ಳಿ ಎಂದರು.

ನಾವೆಲ್ಲ ಎದ್ದೆವು. ಅವಳು ಮಾತ್ರ ಏಳಲಿಲ್ಲ. "ಡಾಕ್ಟ್ರೇ, ಇದು ಯಾವಾಗ ಶುರುವಾಗಿದ್ದು?"

"ಹೇಳೋದು ಕಷ್ಟ. ಇಷ್ಟು ಆಗ್ಬೇಕಾದ್ರೆ ಕೆಲವು ವರ್ಷ ಆಗಿರತ್ತೆ."

"ಆರು ವರ್ಷದ ಹಿಂದೆ ಒಂದು ಕೂಸು ನಿಲ್ಲಲಿಲ್ಲ. ನಾಲ್ಕು ತಿಂಗಳಾಗಿತ್ತು. ಬಾಯ್ಲರ್ ಹತ್ರ ನಿಂತು ನಾನೇ ಕಳ್ಕೊಂಡೆ ಅಂತ..." ಅವಳ ದಪ್ಪ ದನಿ ಇನ್ನೂ ದಪ್ಪವಾಯಿತು. "ಇದರಿಂದ ಆಗಿರಬಹುದಾ?"

ಇಷ್ಟು ವರ್ಷ ಪಕ್ಕದ ಮೇಜಿನಲ್ಲಿ ನಿಂತವಳು ನಾನು. ನನಗೆ ಅದು ಗೊತ್ತಿರಲಿಲ್ಲ. ಆ ದಿನಗಳಲ್ಲಿ ಒಂದು ವಾರ ರಜೆ ಹಾಕಿ, ಬಂದ ಮೇಲೆ ಜ್ವರ ಎಂದಿದ್ದಳು.

ಡಾಕ್ಟರು ಪೆನ್ನು ಕೆಳಗಿಟ್ಟರು. "ಥೈರಾಯ್ಡ್ ಕಡಿಮೆ ಇದ್ರೆ ಹಾಗೆ ಆಗೋ ಸಂಭವ ಉಂಟು. ನಿಮಗೆ ಅದರಿಂದಲೇ ಆಯ್ತಾ ಅಂತ ಈಗ ಹೇಳೋಕೆ ಬರಲ್ಲಮ್ಮ. ಆಗಿರಬಹುದು. ಆಗದೇನೂ ಇರಬಹುದು. ಆದ್ರೆ ನೀವೇ ಕಳ್ಕೊಂಡ್ರಿ ಅಂತ ಯಾರಾದ್ರೂ ಹೇಳಿದ್ರೆ, ಅದು ತಪ್ಪು."

ಗಂಡ ನೆಲ ನೋಡುತ್ತಿದ್ದ. ಬಸ್ಸಿನಲ್ಲೂ ಅವನು ತನ್ನ ಉಗುರಿನ ಸಂದಿಯ ಬಣ್ಣ ಕೆರೆದುಕೊಳ್ಳುತ್ತಲೇ ಕೂತಿದ್ದ. ಅವಳು ಕಿಟಕಿಯಾಚೆ ನೋಡುತ್ತಿದ್ದಳು.

ಮನೆಯಲ್ಲಿ ಅತ್ತೆ ಬಾಗಿಲಲ್ಲೇ ಕಾಯುತ್ತಿದ್ದರು. ಕ್ಯಾನ್ಸರ್ ಅಲ್ಲ ಎಂದು ಮೊಮ್ಮಗಳು ಕೂಗಿ ಹೇಳಿದಳು. ಅತ್ತೆ ಕಣ್ಣು ಮುಚ್ಚಿದರು, ಸೊಸೆಯ ಕೆನ್ನೆ ಮುಟ್ಟಿದರು. ಅಷ್ಟೆಲ್ಲ ಆಗಿ, ಒಂದು ನಿಟ್ಟುಸಿರು ಬಿಟ್ಟು ಕಣ್ಣು ತೆರೆದವರೇ, "ಇಷ್ಟಕ್ಕಾ ಒಂದು ವಾರ ಮಲಗಿದ್ದು?" ಎಂದರು.

ನಾನಲ್ಲೇ ಇದ್ದೆ. ನಗು ತಡೆಯಲಾಗದೆ ಕೆಮ್ಮಿದೆ. ಸ್ವೆಟರಕ್ಕ ನಗಲಿಲ್ಲ. ಕತ್ತಿನ ಶಾಲು ಬಿಚ್ಚಿ, ಮಡಚಿ ಅತ್ತೆಯ ಕೈಗೆ ಕೊಟ್ಟು ಅಡುಗೆಮನೆಗೆ ಹೋದಳು.

ಮಾತ್ರೆ ಒಂದೇ ದಿನಕ್ಕೆ ಪವಾಡ ಮಾಡಲಿಲ್ಲ. ರಕ್ತ ಪರೀಕ್ಷೆ ಮಾಡಿಸಿ ಮಾಡಿಸಿ ಎರಡು ಸಲ ಪ್ರಮಾಣ ಹೆಚ್ಚಿಸಿದರು. ಕೆಲವು ತಿಂಗಳಿಗೆ ಮುಖದ ಊತ ಇಳಿಯಿತು. ಮಧ್ಯಾಹ್ನ ಊಟದ ಹೊತ್ತಿಗೆ ಅವಳ ಕಣ್ಣು ಕೂಡುವುದು ನಿಂತಿತು. ಒಂದು ದಿನ ಎಲ್ಲರ ಮುಂದೆ ಸೆರಗಿನಿಂದ ಹಣೆ ಒರೆಸಿಕೊಂಡು, ಬೆರಳು ನೋಡಿ, "ಬೆವರು!" ಎಂದಳು, ಲಾಟರಿ ಹೊಡೆದವಳ ಹಾಗೆ. ಹಳೆಯ ನಾಲಿಗೆಯೂ ಮೆಲ್ಲಗೆ ವಾಪಸ್ಸಾಯಿತು.

ಆದರೆ ಇಸ್ತ್ರಿ ಮೇಜು ವಾಪಸ್ಸು ಸಿಗಲಿಲ್ಲ. ರಜೆಯಿಂದ ಬಂದಾಗಲೇ ಮ್ಯಾನೇಜರು ಅವಳನ್ನು ನೆಲಮಾಳಿಗೆಗೆ ಹಾಕಿದ್ದರು. ಅಲ್ಲಿ ಕೊಳೆ ಬಟ್ಟೆಯ ಮೂಟೆ ಬಿಚ್ಚಿ ಬಣ್ಣದ್ದು, ಬಿಳಿಯದು, ಆಸ್ಪತ್ರೆಯದು ಎಂದು ಬೇರ್ಪಡಿಸಬೇಕು. ಕಿಟಕಿ ಇಲ್ಲ. ಟ್ಯೂಬ್‌ಲೈಟಿನ ಬೆಳಕು, ಮೂಗು ಕಟ್ಟುವ ವಾಸನೆ, ಮೇಲಿನಿಂದ ಜಾರುಬಂಡಿಯಂಥ ತಗಡಿನಲ್ಲಿ ಧೊಪ್ಪೆಂದು ಬೀಳುವ ಮೂಟೆಗಳು. ಡಾಕ್ಟರ ಚೀಟಿ ತೋರಿಸಿದಳು. "ಈಗ ಚೆನ್ನಾಗಿದೀರಿ, ಸಂತೋಷ. ಆದ್ರೆ ಜೀವನ ಪೂರ್ತಿ ಮಾತ್ರೆ ಅಂತಿದೀರಲ್ಲ, ಬೆಂಕಿ ಕೆಲಸ ಬೇಡಮ್ಮ" ಎಂದರು. ವಾದಿಸಿದಳು. ಅವರು ಫೋನೆತ್ತಿಕೊಂಡರು.

ಮನೆಯಲ್ಲಿ ಇನ್ನೊಂದು ಬಗೆ. ಮೊದಲು ಸುಮ್ಮನಿದ್ದರೆ ಸೋಮಾರಿ ಎನ್ನುತ್ತಿದ್ದರು. ಈಗ ಮಾತಾಡಿದರೆ, "ಅವಳಲ್ಲ, ಅವಳ ಥೈರಾಯ್ಡ್ ಮಾತಾಡ್ತಿರೋದು" ಎನ್ನತೊಡಗಿದರು. ಸಿಟ್ಟು ಬಂದರೆ ಥೈರಾಯ್ಡ್. ಕಣ್ಣೀರು ಬಂದರೆ ಥೈರಾಯ್ಡ್. ಗ್ಯಾಸ್ ಮುಗಿದಿದೆ, ತರಬೇಕಿತ್ತು ಎಂದರೂ ಮಗಳು ಸಮೇತ ಕಣ್ಣಿನಲ್ಲೇ, ಬಿಡು, ಪಾಪ, ಎನ್ನುವುದು. "ಒಂದು ಪಂಜರದಿಂದ ತೆಗೆದು ಇನ್ನೊಂದಕ್ಕೆ ಹಾಕಿದ್ರು ಕಣೇ. ಇದು ಸ್ವಲ್ಪ ಹೊಸದು, ಬಣ್ಣ ಹೊಡೆದಿದಾರೆ" ಎಂದಳು ನನ್ನೊಡನೆ.

ಒಂದು ಭಾನುವಾರ ಮನೆಗೆ ಅತ್ತೆಯ ಪರಿಚಯದವರು ಯಾರೋ ಬಂದಿದ್ದರಂತೆ. ಮಕ್ಕಳೆಷ್ಟು ಎಂಬ ಮಾತು ಬಂತು. "ಒಂದೇ. ಇನ್ನೊಂದು ಆಗ್ತಿತ್ತು, ಇವಳು ಬಿಸಿಯಲ್ಲಿ ನಿಂತು ಕಳ್ಕೊಂಡ್ಳು" ಎಂದರು ಅತ್ತೆ, ಎಷ್ಟೋ ಸಲ ಹೇಳಿದ ಮಾತನ್ನು ಹೇಳುವ ಹಾಗೆ.

ಬಡಿಸುತ್ತಿದ್ದ ಸ್ವೆಟರಕ್ಕ ಸೌಟು ಕೆಳಗಿಟ್ಟಳು. "ಡಾಕ್ಟರ್ ಏನು ಹೇಳಿದ್ರು ಅಂತ ನಿಮ್ಮ ಮಗನ್ನ ಕೇಳಿ ಅತ್ತೆ. ಅವರೂ ಅಲ್ಲೇ ಇದ್ರು."

ಎಲ್ಲರೂ ಅವನನ್ನು ನೋಡಿದರು. ಅವನು ತಟ್ಟೆ ನೋಡಿದ. ಆಮೇಲೆ ಮೆಲ್ಲಗೆ, ನಿಜವಾದ ಕಾಳಜಿಯಿಂದಲೇ, "ಇವತ್ತು ಮಾತ್ರೆ ತಗೊಂಡ್ಯಾ?" ಎಂದ.

"ತಗೊಂಡೆ. ಎದ್ದ ಕೂಡ್ಲೇ ತಗೊಂಡೆ. ಗ್ರಂಥಿ ಸರಿಯಾಗಿದೆ, ರಕ್ತ ಸರಿಯಾಗಿದೆ. ಇದು ನಾನು ಮಾತಾಡ್ತಿರೋದು. ನಾನು ಕಳ್ಕೊಳ್ಲಿಲ್ಲ. ಹಾಗಂತ ನೀವು ಒಂದೇ ಒಂದು ಸಲ, ನಿಮ್ಮ ಬಾಯಿಂದ ಹೇಳಿ."

ಕಥೆಯಾದರೆ ಅವನು ಹೇಳಬೇಕಿತ್ತು. ಅವನು ಹೇಳಲಿಲ್ಲ. ಊಟ ಬಿಟ್ಟು ಎದ್ದು ಹೊರಗೆ ಹೋದ. ಬಂದವರು ನೀರು ಕುಡಿದು ಹೊರಟರು. ಅತ್ತೆ ಮಾತ್ರ ಅವತ್ತಿನಿಂದ ಆ ಮಾತನ್ನು ಮತ್ತೆ ಆಡಲಿಲ್ಲ. ತಪ್ಪು ತಿಳಿದು ಬಿಟ್ಟರೋ, ಸೊಸೆಯ ಕಾಯಿಲೆಗೆ ಹೆದರಿ ಬಿಟ್ಟರೋ, ಸ್ವೆಟರಕ್ಕನಿಗೆ ಗೊತ್ತಿಲ್ಲ. "ಬಿಟ್ಟರಲ್ಲ, ಸಾಕು" ಎಂದಳು. ಸಾಕು ಎನ್ನುವ ಮುಖವಿರಲಿಲ್ಲ.

ವರ್ಷ ತುಂಬಿದ ಮೇಲೆ ಸ್ಕ್ಯಾನ್ ಮಾಡಿಸಿದರು. ಗಂಟು ಇದ್ದಷ್ಟೇ ಇತ್ತು. ಹೆಟರೊಜೀನಿಯಸ್ ಎಂಬ ಪದವೂ ಇದ್ದಲ್ಲೇ ಇತ್ತು. ಈ ಸಲ ಮಗಳು ಫೋನ್ ತೆಗೆಯುವ ಮೊದಲೇ ತಾಯಿ ಹೇಳಿದಳು: "ಒಳಗಿನ ಏರುಪೇರು ಹೋಗಲ್ಲ. ಅದು ಹಾಗೇ ಇರುತ್ತೆ. ಅದನ್ನ ಇಟ್ಕೊಂಡೇ ಬದುಕೋದು. ಫೋನ್ ಒಳಗೇ ಇರ್ಲಿ."

ಈಗಲೂ ಅವಳು ನೆಲಮಾಳಿಗೆಯಲ್ಲೇ ಇದ್ದಾಳೆ. ಮನೆ ಅದೇ, ಎರಡು ಕೋಣೆ ಅದೇ. ಹೊಸದೆಂದರೆ ಒಂದೇ. ಮಾತ್ರೆ ನುಂಗಿ ಅರ್ಧ ಗಂಟೆ ಏನೂ ತಿನ್ನಬಾರದು, ಕುಡಿಯಬಾರದು ಎಂದು ಡಾಕ್ಟರು ಹೇಳಿದ್ದರಷ್ಟೇ. ಮನೆಯವರಿಗೆ ಅವಳು ಅದನ್ನು ಸ್ವಲ್ಪ ಉದ್ದ ಮಾಡಿ ಹೇಳಿದ್ದಾಳೆ. ಆ ಹೊತ್ತಿನಲ್ಲಿ ಒಲೆ ಮುಂದೆ ನಿಲ್ಲಬಾರದಂತೆ, ಮನೆಯೊಳಗೆ ಕೂರಬಾರದಂತೆ, ಹೊರಗೆ ನಡೆಯಬೇಕಂತೆ. ಡಾಕ್ಟರ ಮಾತು ಎಂದ ಮೇಲೆ ಮುಗಿಯಿತು. ಅತ್ತೆ ಎದ್ದು ತಾವೇ ಟೀಗೆ ನೀರಿಡುತ್ತಾರೆ.

ಮೊನ್ನೆ ಬೆಳಗ್ಗೆ ಹಾಲಿಗೆ ಹೊರಟಾಗ ಅವಳು ಎದುರಾದಳು. ಅಂಗಡಿಗಳ ಬಾಗಿಲು ಇನ್ನೂ ಎಳೆದಿತ್ತು, ಬೀದಿ ಗುಡಿಸುವವನು ಧೂಳೆಬ್ಬಿಸುತ್ತಿದ್ದ. ಅವಳು ಕೈ ಬೀಸಿಕೊಂಡು ಬೀದಿಯ ನಟ್ಟನಡುವೆ ಬರುತ್ತಿದ್ದಳು.

"ಹಾಗಂತ ಡಾಕ್ಟರ್ ಯಾವಾಗ ಹೇಳಿದ್ರಕ್ಕ? ನಾನೂ ಅಲ್ಲೇ ಇದ್ನಲ್ಲ" ಎಂದೆ.

"ಬಾಯಿ ಮುಚ್ಚು" ಎಂದಳು. "ನಿನಗೆ ಕಿವಿ ಮಂದ." ನಿಲ್ಲದೆ ಮುಂದಕ್ಕೆ ನಡೆದಳು.